ವಿಚಾರಣೆಗೆ ಮುನ್ನವೇ ನಿಷ್ಫಲವಾಗುವ ಮೇಲ್ಮನವಿ

ಬಾಡಿಗೆ ಮಳಿಗೆಯನ್ನು ತೆರವು ಮಾಡಬೇಕೆಂಬ ಡಿಕ್ರಿಯ ವಿರುದ್ಧ ವರ್ತಕರೊಬ್ಬರು ಮೇಲ್ಮನವಿ ಸಲ್ಲಿಸಿದ್ದಾರೆನ್ನೋಣ. ಅದು ವಿಚಾರಣೆಗೆ ಬರುವಷ್ಟರಲ್ಲಿ ಡಿಕ್ರಿ ಜಾರಿಯಾಗಿ, ಕಟ್ಟಡವೇ ನೆಲಸಮವಾಗಿರುತ್ತದೆ. ಆಗ ಗೆದ್ದರೂ ಮರಳಿ ಪಡೆಯಲು ಮಳಿಗೆಯೇ ಇಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 144ನೇ ಕಲಮಿನಡಿ ಪರಿಹಾರ ಕೋರಬಹುದು, ನಿಜ. ಚದುರಿಹೋದ ಗಿರಾಕಿಗಳನ್ನು ಯಾವ ಕಲಮೂ ಮರಳಿ ತಂದುಕೊಡದು.

ಮೇಲ್ಮನವಿ ಸಲ್ಲಿಸಿದೊಡನೆ ಜಾರಿ ತಾನಾಗಿಯೇ ನಿಲ್ಲುವುದೆಂದು ಅನೇಕ ವರ್ತಕರು ನಂಬಿದ್ದಾರೆ. ತೆರಿಗೆ ಕಾನೂನಿನ ರೂಢಿಯೇ ಇದಕ್ಕೆ ಕಾರಣವಿರಬೇಕು. 2017ರ ಕೇಂದ್ರ ಸರಕು ಮತ್ತು ಸೇವಾ ತೆರಿಗೆ ಅಧಿನಿಯಮದ 107ನೇ ಕಲಮಿನಂತೆ, ಒಪ್ಪಿಕೊಂಡ ಮೊತ್ತವನ್ನು ಪೂರ್ಣವಾಗಿಯೂ ವಿವಾದಿತ ತೆರಿಗೆಯಲ್ಲಿ ಸಾಮಾನ್ಯವಾಗಿ ಶೇ. 10ರಷ್ಟನ್ನೂ ಪಾವತಿಸಿದರೆ ಉಳಿದ ಬಾಕಿಯ ವಸೂಲಿಗೆ ತಡೆ ದೊರೆತಂತೆಯೇ.

ಸಿವಿಲ್ ಡಿಕ್ರಿಗೆ ಈ ಸೌಲಭ್ಯವಿಲ್ಲ. ಸಂಹಿತೆಯ 41ನೇ ಆದೇಶದ 5ನೇ ನಿಯಮದಂತೆ ತಡೆಯಾಜ್ಞೆಯನ್ನು ಪ್ರತ್ಯೇಕವಾಗಿ ಕೋರಬೇಕು. ವಿಳಂಬ ಮಾಡಿರಬಾರದು, ಗಣನೀಯ ನಷ್ಟವಾಗುವುದನ್ನು ತೋರಿಸಬೇಕು, ಭದ್ರತೆಯನ್ನೂ ಒದಗಿಸಬೇಕು. ಮೇಲ್ಮನವಿ ಸಿದ್ಧವಾಗುವವರೆಗೆ ಕಾಯಬೇಕಾಗಿಯೂ ಇಲ್ಲ. ಮೇಲ್ಮನವಿಯ ಕಾಲಮಿತಿ ಮುಗಿಯುವ ಮುನ್ನ ಅರ್ಜಿ ಸಲ್ಲಿಸಿ ತಕ್ಕ ಕಾರಣ ತೋರಿಸಿದರೆ, ಡಿಕ್ರಿ ನೀಡಿದ ನ್ಯಾಯಾಲಯವೇ ಅದರ ಜಾರಿಯನ್ನು ತಡೆಹಿಡಿಯಬಲ್ಲದು.