ಕಸ್ಟರ್ಡ್ ಕಡ್ಡಿ ಐಸ್ ಗಡ್ಡೆ ಆಗೋದು ಯಾಕೆ? ಮನೆ ಫ್ರೀಜರ್‌ನ ವಿಜ್ಞಾನ, ಜೊತೆಗೆ ಒಂದಿಷ್ಟು ಲೆಕ್ಕ

ಬೇಸಿಗೆ ಶುರುವಾದ್ರೆ ನಮ್ಮ ವಾಯ್ಸ್ ನೋಟ್ ಡಬ್ಬಿಗೆ ಎರಡು ಪ್ರಶ್ನೆ ತಪ್ಪದೆ ಬರತ್ತೆ. ಒಂದು: "ವಿಡಿಯೋ ನೋಡ್ಕೊಂಡು ಕಸ್ಟರ್ಡ್ ಐಸ್ ಕ್ಯಾಂಡಿ ಮಾಡಿದ್ವಿ, ಬಾಯಿಗಿಟ್ರೆ ಬರೀ ಐಸ್ ಕರಕರ ಅನ್ನತ್ತೆ, ಯಾಕೆ?" ಇನ್ನೊಂದು: "ಇದನ್ನೇ ಅಕ್ಕಪಕ್ಕದ ಮನೆಗಳಿಗೆ ಮಾರಿದ್ರೆ ಏನಾದ್ರೂ ಉಳಿಯತ್ತಾ?" ಎರಡನೇದು ಕೇಳೋರಲ್ಲಿ ಮನೇಲೇ ಇದ್ದು ಏನಾದ್ರೂ ದುಡಿಯೋಣ ಅನ್ನೋರು, ರಜೆಯಲ್ಲಿರೋ ಕಾಲೇಜು ಹುಡುಗ-ಹುಡುಗಿಯರೇ ಜಾಸ್ತಿ. ಹಾಗಾಗಿ ಇವತ್ತು ಎರಡಕ್ಕೂ ಉತ್ತರ.

ಅಮೆರಿಕದ ವಿಡಿಯೋ, ನಮ್ಮ ಪೌಡರ್

1980ರ ದಶಕದಲ್ಲಿ ಅಮೆರಿಕದಲ್ಲಿ ಜೆಲ್-ಓ ಪುಡ್ಡಿಂಗ್ ಪಾಪ್ಸ್ ಅನ್ನೋ ತಿಂಡಿ ತುಂಬಾ ಓಡ್ತಿತ್ತು. ಪುಡ್ಡಿಂಗನ್ನ ಕಡ್ಡಿಗೆ ಹಾಕಿ ಗಟ್ಟಿ ಮಾಡಿದ್ದು, ಅಷ್ಟೇ. ಕಾಲಕ್ರಮೇಣ ಅದು ಅಂಗಡಿಗಳಿಂದ ಮರೆಯಾಯ್ತು, ಜನ ಮನೇಲೇ ಮಾಡ್ಕೊಳ್ಳೋಕೆ ಶುರು ಮಾಡಿದ್ರು. ಅವರ ರೆಸಿಪಿ ಒಂದೇ ಸಾಲು: ಇನ್‌ಸ್ಟಂಟ್ ಪುಡ್ಡಿಂಗ್ ಪೌಡರನ್ನ ತಣ್ಣನೆ ಹಾಲಿಗೆ ಕಲಸಿ, ಅಚ್ಚಿಗೆ ಹುಯ್ದು, ಫ್ರೀಜರ್‌ಗೆ ಇಡಿ.

ನಾವು ಎಡವೋದು ಇಲ್ಲೇ. ಅವರ ಇನ್‌ಸ್ಟಂಟ್ ಪೌಡರ್‌ನಲ್ಲಿರೋ ಪಿಷ್ಟವನ್ನ ಕಾರ್ಖಾನೆಯಲ್ಲೇ ಬೇಯಿಸಿ ಒಣಗಿಸಿರ್ತಾರೆ. ಅದು ತಣ್ಣನೆ ಹಾಲಲ್ಲೂ ಗಟ್ಟಿಯಾಗತ್ತೆ. ನಮ್ಮ ಕಿರಾಣಿ ಅಂಗಡಿಯ ಕಸ್ಟರ್ಡ್ ಪೌಡರ್ ಅಂದ್ರೆ ಹಸಿ ಕಾರ್ನ್‌ಫ್ಲೋರ್, ಬಣ್ಣ, ವೆನಿಲಾ ಘಮ. 1837ರಲ್ಲಿ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್‌ನ ಆಲ್ಫ್ರೆಡ್ ಬರ್ಡ್, ತನ್ನ ಹೆಂಡತಿಗೆ ಮೊಟ್ಟೆ ಒಗ್ಗಲ್ಲ ಅಂತ ಮೊಟ್ಟೆ ಬದಲು ಕಾರ್ನ್‌ಫ್ಲೋರ್ ಹಾಕಿ ಮಾಡಿದ ಪೌಡರ್‌ನ ವಂಶವೇ ಇದು. ಇದನ್ನ ಕುದಿಸಲೇಬೇಕು. ಕುದಿಸದೆ ಫ್ರೀಜ್ ಮಾಡಿದ್ರೆ ಹಿಟ್ಟು ತಳಕ್ಕೆ ಕೂರತ್ತೆ, ಮೇಲೆ ಹಾಲಿನ ಐಸ್ ನಿಲ್ಲತ್ತೆ. ನಾಲಿಗೆಗೆ ಹಸಿ ಹಿಟ್ಟಿನ ರುಚಿ ಬೇರೆ.

ಐಸ್ ಆಗೋದು ಹೇಗೆ

ಹಾಲಲ್ಲಿ ಸುಮಾರು 87 ಭಾಗ ನೀರೇ. ಫ್ರೀಜರ್‌ನಲ್ಲಿ ಆ ನೀರು ಹರಳು ಕಟ್ಟತ್ತೆ. ಹರಳು ತುಂಬಾ ಚಿಕ್ಕದಿದ್ರೆ ನಾಲಿಗೆಗೆ ಗೊತ್ತೇ ಆಗಲ್ಲ, ನುಣ್ಣಗೆ ಅನ್ಸತ್ತೆ. ದೊಡ್ಡದಾದ್ರೆ ಕರಕರ. ಅಂದ್ರೆ ನಮ್ಮ ಕೆಲಸ ಹರಳನ್ನ ಚಿಕ್ಕದಾಗೇ ಇಡೋದು. ಇದಕ್ಕೆ ನಾಲ್ಕು ಜನ ಸಹಾಯ ಮಾಡ್ತಾರೆ.

ಮೊದಲನೆಯವರು ಪಿಷ್ಟ. ಸುಮಾರು 65ರಿಂದ 70 ಡಿಗ್ರಿ ಬಿಸಿಯಲ್ಲಿ ಕಾರ್ನ್‌ಫ್ಲೋರ್ ಕಣಗಳು ನೀರು ಕುಡಿದು ಉಬ್ಬುತ್ವೆ. ಹಾಲು ದಪ್ಪ ಆಗೋದು ಆಗಲೇ. ದಪ್ಪಗಿರೋ ದ್ರವದಲ್ಲಿ ನೀರು ಬೇಗ ಓಡಾಡೋಕಾಗಲ್ಲ, ಹಾಗಾಗಿ ಒಂದು ಹರಳಿಗೆ ಇನ್ನೊಂದಿಷ್ಟು ನೀರು ಅಂಟಿ ದೊಡ್ಡದಾಗೋದು ನಿಧಾನ ಆಗತ್ತೆ.

ಎರಡನೆಯವರು ಸಕ್ಕರೆ. ಸಿಹಿ ಅದರ ಅರ್ಧ ಕೆಲಸ ಮಾತ್ರ. ಸಕ್ಕರೆ ಕರಗಿದ ನೀರು 0 ಡಿಗ್ರಿಯಲ್ಲಿ ಗಟ್ಟಿಯಾಗಲ್ಲ, ಇನ್ನೂ ತಣ್ಣಗಾಗಬೇಕು. ಒಂದಿಷ್ಟು ನೀರು ಐಸ್ ಆದ ಹಾಗೆ ಉಳಿದಿದ್ದು ಪಾಕದ ತರ ಗಾಢ ಆಗ್ತಾ ಹೋಗತ್ತೆ, ಮೈನಸ್ 18ರಲ್ಲೂ ಪೂರ್ತಿ ಹೆಪ್ಪುಗಟ್ಟಲ್ಲ. ಕಡ್ಡಿಯನ್ನ ಹಲ್ಲಲ್ಲಿ ಕಚ್ಚೋಕೆ ಆಗೋದು ಆ ಪಾಕದಿಂದ. "ಡಯೆಟ್" ಅಂತ ಸಕ್ಕರೆ ಅರ್ಧ ಮಾಡಿದ್ರೆ ಕಲ್ಲಾಗತ್ತೆ, ಜಾಸ್ತಿ ಸುರಿದ್ರೆ ಗಟ್ಟಿಯಾಗೋದೇ ಇಲ್ಲ.

ಮೂರನೆಯವರು ಕೊಬ್ಬು ಮತ್ತು ಹಾಲಿನ ಘನಾಂಶ. ನಿಯಮದ ಪ್ರಕಾರ ಫುಲ್ ಕ್ರೀಮ್ ಹಾಲಲ್ಲಿ ಕನಿಷ್ಠ 6 ಶೇಕಡ ಕೊಬ್ಬು, ಟೋನ್ಡ್ ಹಾಲಲ್ಲಿ 3 ಶೇಕಡ. ನಂದಿನಿ ನೀಲಿ ಪ್ಯಾಕೆಟ್ ಟೋನ್ಡ್ ಹಾಲು, ಕಾಫಿಗೆ ಚೆನ್ನಾಗಿದೆ, ಕಡ್ಡಿಗೆ ತೆಳು. ಟೋನ್ಡೇ ಇದ್ರೆ ಹಾಲಿನ ಪುಡಿ ಒಂದು ಚಮಚ ಜಾಸ್ತಿ ಹಾಕಿ.

ನಾಲ್ಕನೆಯವರು ವೇಗ. ಬೇಗ ಹೆಪ್ಪುಗಟ್ಟಿದ್ರೆ ಚಿಕ್ಕ ಹರಳು ತುಂಬಾ ಹುಟ್ಟುತ್ವೆ. ನಿಧಾನ ಆದ್ರೆ ಕೆಲವೇ ಹರಳು, ಆದ್ರೆ ದೊಡ್ಡವು. ಕಂಪನಿ ಐಸ್ ಕ್ರೀಮ್‌ಗೆ ಇನ್ನೊಂದು ಅನುಕೂಲ ಇದೆ: ಗಾಳಿ. 1 ಲೀಟರ್ ಐಸ್ ಕ್ರೀಮ್ ಕನಿಷ್ಠ 525 ಗ್ರಾಂ ತೂಗಬೇಕು ಅಂತ ನಮ್ಮ ಆಹಾರ ನಿಯಮ ಹೇಳತ್ತೆ. ಅಂದ್ರೆ ಡಬ್ಬದ ಅರ್ಧದ ಹತ್ರ ಗಾಳಿಯೇ ಇರಬಹುದು. ಅದಕ್ಕೇ ಅದು ಮೆತ್ತಗೆ. ನಮ್ಮ ಕಡ್ಡಿಯಲ್ಲಿ ಗಾಳಿ ಇಲ್ಲ, ಅದು ಕುಲ್ಫಿಯ ಸಂಬಂಧಿ.

ಮಾಡೋ ವಿಧಾನ

8 ಕಡ್ಡಿಗೆ: ಫುಲ್ ಕ್ರೀಮ್ ಹಾಲು ಅರ್ಧ ಲೀಟರ್, ಕಸ್ಟರ್ಡ್ ಪೌಡರ್ 20 ಗ್ರಾಂ, ಸಕ್ಕರೆ 80 ಗ್ರಾಂ, ಹಾಲಿನ ಪುಡಿ 20 ಗ್ರಾಂ, ಚಿಟಿಕೆ ಉಪ್ಪು.

ಅರ್ಧ ಲೋಟ ತಣ್ಣನೆ ಹಾಲಲ್ಲಿ ಕಸ್ಟರ್ಡ್ ಪೌಡರ್, ಹಾಲಿನ ಪುಡಿ ಎರಡನ್ನೂ ಗಂಟಿಲ್ಲದೆ ಕಲಸಿಡಿ. ಉಳಿದ ಹಾಲನ್ನ ದಪ್ಪ ತಳದ ಪಾತ್ರೆಯಲ್ಲಿ ಸಕ್ಕರೆ, ಉಪ್ಪು ಹಾಕಿ ಕುದಿಸಿ. ಉರಿ ಸಣ್ಣ ಮಾಡಿ, ಕಲಸಿದ್ದನ್ನ ಇನ್ನೊಂದ್ಸಲ ತಿರುವಿ ನಿಧಾನ ಹುಯ್ಯಿರಿ. ಕೈ ಬಿಡದೆ ತಿರುವುತ್ತಾ ಎರಡು ನಿಮಿಷ ಚೆನ್ನಾಗಿ ಗುಳುಗುಳು ಕುದೀಬೇಕು. ಸೌಟಿನ ಹಿಂಬದಿಗೆ ಅಂಟಿದ ಪದರದಲ್ಲಿ ಬೆರಳಾಡಿಸಿದ್ರೆ ಗೆರೆ ಉಳಿಯತ್ತೆ ಅಂದ್ರೆ ಆಯ್ತು. ಬಿಸಿ ಇರುವಾಗ ರುಚಿ ನೋಡಿ, ಸಿಹಿ ಸ್ವಲ್ಪ ಜಾಸ್ತಿ ಅನ್ಸಬೇಕು. ತಣ್ಣಗಾದಾಗ ನಾಲಿಗೆಗೆ ಸಿಹಿ ಕಮ್ಮಿ ಗೊತ್ತಾಗೋದ್ರಿಂದ ಆಗ ಸರಿಹೋಗತ್ತೆ.

ಈಗ ಪಾತ್ರೆಯನ್ನ ತಣ್ಣೀರಿನ ಬೇಸಿನ್‌ನಲ್ಲಿಟ್ಟು ತಿರುವುತ್ತಾ ಆರಿಸಿ, ಕೆನೆಗಟ್ಟಲ್ಲ. ಆಮೇಲೆ ಫ್ರಿಜ್‌ನಲ್ಲಿ ಒಂದೆರಡು ಗಂಟೆ. ಪೂರ್ತಿ ತಣ್ಣಗಾದ ಮೇಲೇನೇ ಅಚ್ಚಿಗೆ. ಬಿಸಿಬಿಸಿ ಇಟ್ರೆ ಫ್ರೀಜರ್ ಮೊದಲು ಆ ಬಿಸಿಯನ್ನ ಹೊರಗೆ ಹಾಕಬೇಕು, ಅಲ್ಲಿಗೆ ವೇಗ ಹೋಯ್ತು.

ಅಚ್ಚು ಇಲ್ವಾ? ಸಣ್ಣ ಸ್ಟೀಲ್ ಲೋಟ ಸಾಕು. ಸ್ಟೀಲ್ ಪ್ಲಾಸ್ಟಿಕ್‌ಗಿಂತ ಬೇಗ ಶಾಖ ಬಿಟ್ಕೊಡತ್ತೆ, ಹಾಗಾಗಿ ಬೇಗ ಹೆಪ್ಪುಗಟ್ಟತ್ತೆ. ಫಾಯಿಲ್ ಮುಚ್ಚಿ, ನಡುವೆ ಸೀಳಿ ಕಡ್ಡಿ ಚುಚ್ಚಿ. ಸಿಂಗಲ್ ಡೋರ್ ಫ್ರಿಜ್ ಆದ್ರೆ ನಾಬ್‌ನ ಪೂರ್ತಿ ಕೂಲ್‌ಗೆ ತಿರುಗಿಸಿ, ಲೋಟಗಳನ್ನ ಫ್ರೀಜರ್ ಗೋಡೆಗೆ ತಾಗೋ ಹಾಗೆ ಇಡಿ. ರಾತ್ರಿಯಿಡೀ ಬಾಗಿಲು ತೆಗೀಬೇಡಿ. ತೆಗೆಯುವಾಗ ಲೋಟದ ಹೊರಮೈಗೆ ಹತ್ತು ಸೆಕೆಂಡ್ ನಲ್ಲಿ ನೀರು ತೋರಿಸಿದ್ರೆ ಕಡ್ಡಿ ಸಲೀಸಾಗಿ ಬರತ್ತೆ.

ರಾಗಿ ಮಣ್ಣಿ ಕೂಡ ಪುಡ್ಡಿಂಗೇ

ನಮ್ಮ ಮನೆಗಳಲ್ಲಿ ಪುಡ್ಡಿಂಗ್ ಅನ್ನೋ ಪದ ಇಲ್ಲದೇ ಇರಬಹುದು, ಆದ್ರೆ ರಾಗಿ ಮಣ್ಣಿ ಇದೆ. ಹಾಲಿಗೆ ಪಿಷ್ಟ ಸೇರಿಸಿ ಕಾಯಿಸಿ ದಪ್ಪ ಮಾಡೋದು, ತತ್ವ ಅದೇ. ಕಸ್ಟರ್ಡ್ ಪೌಡರ್ ಬದಲು ಮೂರು ಚಮಚ ರಾಗಿ ಹಿಟ್ಟನ್ನ ಬಟ್ಟೆಯಲ್ಲಿ ಜರಡಿ ಹಿಡಿದು ಹಾಕಿ, ಹಸಿ ವಾಸನೆ ಹೋಗೋವರೆಗೆ ಏಳೆಂಟು ನಿಮಿಷ ಬೇಯಿಸಿ. ಸಿಹಿಗೆ ಬೆಲ್ಲ. ಆದ್ರೆ ಕುದಿಯೋ ಹಾಲಿಗೆ ಬೆಲ್ಲ ಹಾಕಿದ್ರೆ ಹಾಲು ಒಡೆಯೋ ಸಾಧ್ಯತೆ ಇದೆ. ಬೆಲ್ಲವನ್ನ ಸ್ವಲ್ಪ ನೀರಲ್ಲಿ ಕರಗಿಸಿ, ಸೋಸಿ, ಎರಡೂ ಆರಿದ ಮೇಲೆ ಬೆರೆಸಿ. ಬೆಲ್ಲದಲ್ಲಿ ಗ್ಲೂಕೋಸ್, ಫ್ರಕ್ಟೋಸ್ ಕೂಡ ಇರೋದ್ರಿಂದ ಈ ಕಡ್ಡಿ ಸಕ್ಕರೆಯದಕ್ಕಿಂತ ಸ್ವಲ್ಪ ಮೆತ್ತಗೆ ಬರತ್ತೆ.

ಮಿಕ್ಕಿದ ಸಾಬಕ್ಕಿ ಪಾಯಸ, ಅಕ್ಕಿ ಪಾಯಸವನ್ನ ಹಾಗೇ ಫ್ರೀಜ್ ಮಾಡ್ಬೇಡಿ. ಬೆಂದ ಕಾಳು ತಣ್ಣಗಾದ್ರೆ ಮತ್ತೆ ಬಿರುಸಾಗತ್ತೆ. ರಾತ್ರಿ ಅನ್ನ ಬೆಳಿಗ್ಗೆ ಫ್ರಿಜ್‌ನಲ್ಲಿ ಗಟ್ಟಿಯಾಗಿರತ್ತಲ್ಲ, ಅದೇ ಕಥೆ.

ಫ್ರೀಜರ್ ಕ್ರಿಮಿ ಕೊಲ್ಲಲ್ಲ

ಈ ಭಾಗವನ್ನ ಸ್ಕಿಪ್ ಮಾಡ್ಬೇಡಿ. "ಫ್ರೀಜ್ ಆಯ್ತಲ್ಲ, ಇನ್ನೇನು" ಅನ್ನೋದು ಅಪಾಯದ ಮಾತು. ಹೆಪ್ಪುಗಟ್ಟಿದಾಗ ಬ್ಯಾಕ್ಟೀರಿಯಾ ಬೆಳೆಯೋದು ನಿಲ್ಲತ್ತೆ, ಆದ್ರೆ ಬಹಳಷ್ಟು ಸಾಯಲ್ಲ. ಹಾಲು, ಪಿಷ್ಟ, ಸಕ್ಕರೆ ಸೇರಿದ ಉಗುರು ಬೆಚ್ಚಗಿನ ಕಸ್ಟರ್ಡ್ ಅಂದ್ರೆ ಅವಕ್ಕೆ ಹಬ್ಬದ ಊಟ. 5ರಿಂದ 60 ಡಿಗ್ರಿ ನಡುವೆ ಅವು ವೇಗವಾಗಿ ಹೆಚ್ಚುತ್ವೆ. ಅದಕ್ಕೇ ಬೇಸಿನ್ ನೀರಲ್ಲಿ ಆರಿಸೋದು, ಅದಕ್ಕೇ ಎರಡು ಗಂಟೆ ಒಳಗೆ ಫ್ರಿಜ್ ಸೇರಿಸೋದು. ಕಸ್ಟರ್ಡ್ ಆರಿದ ಮೇಲೆ ನೀರು ಬೆರೆಸಿ ತೆಳು ಮಾಡೋದಾದ್ರೆ ಕಾಯಿಸಿ ಆರಿಸಿದ ನೀರೇ ಆಗ್ಬೇಕು.

ಇನ್ನು ಕರೆಂಟ್. ಕರಗಿ ಮತ್ತೆ ಗಟ್ಟಿಯಾದ ಕಡ್ಡಿಯಲ್ಲಿ ಹರಳು ದೊಡ್ಡದಾಗಿ ರುಚಿ ಹೋಗತ್ತೆ. ಎಷ್ಟು ಹೊತ್ತು ಕರಗಿತ್ತು ಅಂತ ಗೊತ್ತಿಲ್ಲದಿದ್ರೆ ಹೊಟ್ಟೆಗೂ ಒಳ್ಳೇದಲ್ಲ. ಊರಿಗೆ ಹೋಗ್ತಿದ್ರೆ ಒಂದು ಸಣ್ಣ ಬಟ್ಟಲಲ್ಲಿ ನೀರು ಗಟ್ಟಿ ಮಾಡಿ, ಮೇಲೆ ಒಂದು ನಾಣ್ಯ ಇಟ್ಟು ಹೋಗಿ. ಬಂದಾಗ ನಾಣ್ಯ ಮೇಲೇ ಇದ್ರೆ ಸರಿ. ತಳದಲ್ಲಿ ಸಿಕ್ಕಿದ್ರೆ ನಡುವೆ ಎಲ್ಲಾ ಕರಗಿತ್ತು ಅಂತ ಅರ್ಥ, ಕಡ್ಡಿಗಳನ್ನ ಎಸೀರಿ. ಮಕ್ಕಳಿಗೆ ಕೊಡೋ ತಿಂಡಿ ಇದು, ದಾಕ್ಷಿಣ್ಯ ಬೇಡ.

ಮಾರೋದಾದ್ರೆ

ನಾನು ಬಿ.ಕಾಂ. ಓದಿದವರು, ಈ ಲೆಕ್ಕ ಬಿಡೋಕೆ ಮನಸ್ಸಾಗಲ್ಲ. ದರಗಳನ್ನ ಅಂದಾಜು ಹಿಡೀತೀನಿ, ನಿಮ್ಮೂರಿನ ದರ ಹಾಕ್ಕೊಳ್ಳಿ. ಹಾಲು ₹30, ಸಕ್ಕರೆ ₹4, ಕಸ್ಟರ್ಡ್ ಪೌಡರ್ ₹8, ಹಾಲಿನ ಪುಡಿ ₹10, ಕಡ್ಡಿ ₹8. ಒಟ್ಟು ₹60. ಗ್ಯಾಸ್, ಕರೆಂಟ್ ₹8, ಕವರ್ ₹4 ಸೇರಿಸಿ ₹72. ಅಂದ್ರೆ ಒಂದಕ್ಕೆ ₹9 ಬಿತ್ತು.

₹15ಕ್ಕೆ ಎಂಟೂ ಮಾರಿದ್ರೆ ₹120 ಬರತ್ತೆ, ಉಳಿಕೆ ₹48. ಚೆನ್ನಾಗಿದೆ ಅಲ್ವಾ? ಈಗ ಒಂದು ಮುರಿದೋಯ್ತು, ಇನ್ನೊಂದು ಮಾರಾಟ ಆಗ್ಲಿಲ್ಲ ಅಂದ್ಕೊಳ್ಳಿ. ಆರು ಕಡ್ಡಿಗೆ ₹90, ಖರ್ಚು ಅದೇ ₹72. ಉಳಿಕೆ ₹18ಕ್ಕೆ ಇಳೀತು. ಇದರಲ್ಲಿ ನಿಮ್ಮ ಮುಕ್ಕಾಲು ಗಂಟೆಯ ಕೂಲಿ ಸೇರಿಲ್ಲ. ಹಾಗಾಗಿ ಮೊದಲು ಆರ್ಡರ್, ಆಮೇಲೆ ಹಾಲು. ವಾಟ್ಸಾಪ್ ಗ್ರೂಪಲ್ಲಿ ಹಿಂದಿನ ದಿನ ಸಂಖ್ಯೆ ತಗೊಂಡು ಅಷ್ಟೇ ಮಾಡಿ.

ಕಾನೂನಿನ ಮೂರು ಮಾತು. ಮನೆಯಿಂದ ಮಾರಿದ್ರೂ ಎಫ್‌ಎಸ್‌ಎಸ್‌ಎಐ ನೋಂದಣಿ ಬೇಕು, ಫೋಸ್ಕೋಸ್ ಪೋರ್ಟಲ್‌ನಲ್ಲಿ ಆನ್‌ಲೈನಲ್ಲೇ ಅರ್ಜಿ ಹಾಕಬಹುದು. ಎರಡನೇದು, ಬರೀ "ಐಸ್ ಕ್ರೀಮ್" ಅಂತ ಹೆಸರಿಡಬೇಡಿ. ಆ ಹೆಸರಿಗೆ ಕನಿಷ್ಠ 10 ಶೇಕಡ ಹಾಲಿನ ಕೊಬ್ಬು ಇರಬೇಕು, ನಮ್ಮದರಲ್ಲಿ ಅಷ್ಟಿಲ್ಲ. ಮೂರನೇದು ಜಿಎಸ್‌ಟಿ. 2025ರ ಸೆಪ್ಟೆಂಬರ್ 22ರಿಂದ ಐಸ್ ಕ್ರೀಮ್ ಮೇಲಿನ ತೆರಿಗೆ 18ರಿಂದ 5 ಶೇಕಡಕ್ಕೆ ಇಳಿದಿದೆ. ಆದ್ರೆ 2019ರಲ್ಲಿ ಸರಕು ಮಾರೋರಿಗೆ ನೋಂದಣಿ ಮಿತಿಯನ್ನ ₹40 ಲಕ್ಷಕ್ಕೆ ಏರಿಸಿದಾಗ, ಐಸ್ ಕ್ರೀಮ್ ಮತ್ತು ತಿನ್ನೋ ಐಸ್ ಮಾಡೋರನ್ನ ಪಾನ್ ಮಸಾಲ, ತಂಬಾಕಿನ ಸಾಲಲ್ಲಿ ಕೂರಿಸಿ ಹೊರಗಿಟ್ರು. ಅವರಿಗೆ ಉಳಿದಿದ್ದು ₹20 ಲಕ್ಷದ ಹಳೇ ಮಿತಿ. ಹೆದರಬೇಡಿ, ₹20ಕ್ಕೆ ಒಂದರಂತೆ ಮಾರಿದ್ರೂ ಅಲ್ಲಿಗೆ ಮುಟ್ಟೋಕೆ ವರ್ಷಕ್ಕೆ 1 ಲಕ್ಷ ಕಡ್ಡಿ ಬೇಕು. ಬೆಳೆದು ಅಂಗಡಿ ಇಡೋ ಯೋಚನೆ ಇರೋರು ಮಾತ್ರ ಮೊದಲೇ ಒಬ್ಬ ಅಕೌಂಟೆಂಟ್ ಹತ್ರ ಮಾತಾಡಿ.

ಮೊದಲ ಬ್ಯಾಚನ್ನ ಮನೆಯವರಿಗೇ ಕೊಡಿ. ಒಂದು ಕಡ್ಡಿಯನ್ನ ಮೂರು ದಿನ ಫ್ರೀಜರ್‌ನಲ್ಲೇ ಬಿಟ್ಟು ಆಮೇಲೆ ಕಚ್ಚಿ ನೋಡಿ. ಮೂರನೇ ದಿನವೂ ನುಣ್ಣಗಿದ್ರೆ ನಿಮ್ಮ ಅಳತೆ, ನಿಮ್ಮ ಫ್ರೀಜರ್ ಎರಡೂ ಮಾರೋಕೆ ರೆಡಿ. ಕರಕರ ಅಂದ್ರೆ ಹಾಲಿನ ಪುಡಿ ಇನ್ನೊಂದು ಚಮಚ ಸೇರಿಸಿ ಮತ್ತೆ ಮಾಡಿ, ಹೇಗೆ ಬಂತು ಅಂತ ವಾಯ್ಸ್ ನೋಟ್ ಕಳ್ಸಿ. ಮುಂದಿನ ವಾರ ಸಿಗೋಣ.