ಜಾಮೀನು ಸಿಕ್ಕರೆ ಗೆದ್ದಂತಲ್ಲ, ರದ್ದಾದರೆ ಸೋತಂತಲ್ಲ

2025ರ ಆಗಸ್ಟ್ 14ರಂದು ರೇಣುಕಸ್ವಾಮಿ ಕೊಲೆ ಪ್ರಕರಣದಲ್ಲಿ ನಟ ದರ್ಶನ್ ಅವರ ಜಾಮೀನನ್ನು ಸುಪ್ರೀಂ ಕೋರ್ಟ್ ರದ್ದುಪಡಿಸಿದಾಗ, ಚೆನ್ನೈನ ನಮ್ಮ ಆಫೀಸಿನಲ್ಲೂ ಊಟದ ಹೊತ್ತಿಗೆ ಅದೇ ಮಾತು. ಕನ್ನಡದವನೆಂಬ ಕಾರಣಕ್ಕೆ ಪ್ರಶ್ನೆಗಳೆಲ್ಲ ನನ್ನ ಕಡೆಗೇ ಬಂದವು. ‘ಹೈಕೋರ್ಟ್ ಕೊಟ್ಟ ಜಾಮೀನನ್ನು ಸುಪ್ರೀಂ ಕೋರ್ಟ್ ಕಿತ್ತುಕೊಂಡಿತು ಅಂದರೆ ಅಪರಾಧ ಸಾಬೀತಾದ ಹಾಗಲ್ಲವೇ?’ ಎಂದರು ಒಬ್ಬ ಸಹೋದ್ಯೋಗಿ. ಅಲ್ಲ. ಅದೇಕೆ ಎಂದು ತಿಳಿಯಲು ತಮಿಳುನಾಡಿನದೇ ಒಂದು ಹಳೆಯ ಪ್ರಕರಣ ನೆರವಾಗುತ್ತದೆ.

2004ರ ಸೆಪ್ಟೆಂಬರ್ 3ರಂದು ಕಾಂಚೀಪುರದ ವರದರಾಜ ಪೆರುಮಾಳ್ ದೇವಸ್ಥಾನದ ಮ್ಯಾನೇಜರ್ ಶಂಕರರಾಮನ್ ಕೊಲೆಯಾದರು. ನವೆಂಬರ್ 11ರಂದು ಕಂಚಿ ಮಠದ ಜಯೇಂದ್ರ ಸರಸ್ವತಿ ಸ್ವಾಮೀಜಿಯವರ ಬಂಧನವಾಯಿತು. ಮದ್ರಾಸ್ ಹೈಕೋರ್ಟ್ ಜಾಮೀನು ನಿರಾಕರಿಸಿತು. 2005ರ ಜನವರಿ 10ರಂದು ಸುಪ್ರೀಂ ಕೋರ್ಟ್ ಜಾಮೀನು ಕೊಟ್ಟಿತು. ಪಾಸ್‌ಪೋರ್ಟ್ ಒಪ್ಪಿಸಬೇಕು, ಆರೋಪಪಟ್ಟಿ ಸಲ್ಲಿಕೆಯಾಗುವವರೆಗೆ ಮಠಕ್ಕೆ ಕಾಲಿಡಬಾರದು ಎಂಬ ಷರತ್ತುಗಳಿದ್ದವು.

ಕೊಲೆಗೆ ಶಿಕ್ಷೆ ಮರಣದಂಡನೆ ಅಥವಾ ಜೀವಾವಧಿ. ಹಾಗಾಗಿ ಇಂಥ ಪ್ರಕರಣದಲ್ಲಿ ಮ್ಯಾಜಿಸ್ಟ್ರೇಟರ ಕೈ ಬಹುಮಟ್ಟಿಗೆ ಕಟ್ಟಿರುತ್ತದೆ. ಅರ್ಜಿ ಸೆಷನ್ಸ್ ಕೋರ್ಟಿಗೋ ಹೈಕೋರ್ಟಿಗೋ ಹೋಗುತ್ತದೆ. ಅಲ್ಲಿ ‘ಇವರೇ ಕೊಂದರೇ?’ ಎಂದು ತೀರ್ಮಾನಿಸುವುದಿಲ್ಲ. ಆರೋಪ ಎಷ್ಟು ಗಂಭೀರ, ಮೇಲ್ನೋಟಕ್ಕೆ ಸಾಕ್ಷ್ಯ ಎಂಥದ್ದು, ಬಿಟ್ಟರೆ ಆರೋಪಿ ತಲೆಮರೆಸಿಕೊಳ್ಳುವರೇ, ಸಾಕ್ಷಿಗಳನ್ನು ಹೆದರಿಸುವರೇ, ವಯಸ್ಸು ಆರೋಗ್ಯ ಹೇಗಿದೆ ಎಂದು ತೂಗಿ ನೋಡುತ್ತಾರೆ. 90 ದಿನಗಳೊಳಗೆ ಪೊಲೀಸರು ಆರೋಪಪಟ್ಟಿ ಸಲ್ಲಿಸದಿದ್ದರೆ ಮಾತ್ರ ಈ ತೂಕದ ಪ್ರಶ್ನೆಯೇ ಬರುವುದಿಲ್ಲ. ಆಗ ಜಾಮೀನು ಆರೋಪಿಯ ಹಕ್ಕು.

ಕಂಚಿ ಪ್ರಕರಣದಲ್ಲಿ ಸಹ ಆರೋಪಿಗಳ ತಪ್ಪೊಪ್ಪಿಗೆ ಹೇಳಿಕೆಗಳನ್ನು ಬಿಟ್ಟರೆ, ಮೇಲ್ನೋಟಕ್ಕೆ ಗಟ್ಟಿ ಎನ್ನಬಹುದಾದ ಸಾಕ್ಷ್ಯ ಸುಪ್ರೀಂ ಕೋರ್ಟಿಗೆ ಕಾಣಲಿಲ್ಲ. ಹೈಕೋರ್ಟ್ ಕೊಡದ ಜಾಮೀನನ್ನು ಅದು ಕೊಟ್ಟಿತು. ದರ್ಶನ್ ಪ್ರಕರಣದಲ್ಲಿ ಆದದ್ದು ತದ್ವಿರುದ್ಧ. 2024ರ ಡಿಸೆಂಬರ್ 13ರಂದು ಕರ್ನಾಟಕ ಹೈಕೋರ್ಟ್ ಕೊಟ್ಟ ಜಾಮೀನನ್ನು ರಾಜ್ಯ ಸರ್ಕಾರ ಪ್ರಶ್ನಿಸಿತು. ನ್ಯಾಯಮೂರ್ತಿಗಳಾದ ಜೆ.ಬಿ. ಪಾರ್ದಿವಾಲಾ ಮತ್ತು ಆರ್. ಮಹದೇವನ್ ಅವರ ಪೀಠ ದರ್ಶನ್ ಸೇರಿ ಏಳು ಆರೋಪಿಗಳ ಜಾಮೀನು ರದ್ದು ಮಾಡಿತು. ತೀರ್ಪು ಬರೆದ ಮಹದೇವನ್ ಅವರು ಮೊದಲು ನಮ್ಮ ಚೆನ್ನೈನ ಮದ್ರಾಸ್ ಹೈಕೋರ್ಟಿನಲ್ಲಿದ್ದವರು.

ಜಾಮೀನು ಎರಡು ದಾರಿಯಲ್ಲಿ ಹೋಗಬಹುದು. ಹೊರಬಂದವರು ಷರತ್ತು ಮುರಿಯಬಹುದು, ಇಲ್ಲವೇ ಜಾಮೀನು ಕೊಟ್ಟ ಆದೇಶದಲ್ಲೇ ದೋಷವಿರಬಹುದು. ಇಲ್ಲಿ ಮುಖ್ಯವಾಗಿ ಎರಡನೆಯದು. ಬಂಧನದ ಕಾರಣಗಳನ್ನು ಲಿಖಿತವಾಗಿ ಕೊಡಲು ತಡವಾಯಿತೆಂಬುದನ್ನು ಹೈಕೋರ್ಟ್ ದೊಡ್ಡದಾಗಿ ಪರಿಗಣಿಸಿತ್ತು. ಅದರಿಂದ ಆರೋಪಿಗೆ ನಿಜವಾದ ತೊಂದರೆಯಾಗಿದೆಯೆಂದು ತೋರದಿದ್ದರೆ ಅಷ್ಟಕ್ಕೇ ಜಾಮೀನು ಕೊಡಲಾಗದು ಎಂದಿತು ಸುಪ್ರೀಂ ಕೋರ್ಟ್. ವಿಚಾರಣೆಯಲ್ಲಿ ಆಗಬೇಕಾದ ಸಾಕ್ಷ್ಯದ ಪರೀಕ್ಷೆಯನ್ನು ಜಾಮೀನಿನ ಹಂತದಲ್ಲೇ ಮಾಡಿದ್ದನ್ನೂ ಆಕ್ಷೇಪಿಸಿತು. ಜನಪ್ರಿಯತೆ ಯಾರಿಗೂ ರಕ್ಷೆಯಾಗದು, ಜೈಲಿನಲ್ಲಿ ವಿಶೇಷ ಸವಲತ್ತು ಕೂಡದು ಎಂದೂ ಎಚ್ಚರಿಸಿತು.

ಒಂದು ಕಡೆ ಮಠಾಧೀಶರು, ಇನ್ನೊಂದು ಕಡೆ ಸಿನಿಮಾ ನಟ. ಒಬ್ಬರಿಗೆ ಸಿಕ್ಕಿತು, ಇನ್ನೊಬ್ಬರಿಂದ ಹೋಯಿತು. ಆದರೆ ಅಳತೆಗೋಲು ಒಂದೇ. ಕಂಚಿ ಪ್ರಕರಣ ಮುಂದೆ ಪುದುಚೇರಿಗೆ ವರ್ಗವಾಗಿ, 189 ಸಾಕ್ಷಿಗಳಲ್ಲಿ 83 ಮಂದಿ ಪ್ರತಿಕೂಲ ಸಾಕ್ಷಿಗಳಾದರು. 2013ರ ನವೆಂಬರ್ 27ರಂದು ಎಲ್ಲ ಆರೋಪಿಗಳೂ ಖುಲಾಸೆಯಾದರು. ಜಾಮೀನಿಗೂ ಇದಕ್ಕೂ ನಂಟು ಕಟ್ಟುವುದು ಸಲ್ಲದು. ಆದರೆ ಕೊಲೆ ಪ್ರಕರಣವೊಂದು ಕೊನೆಗೆ ನಿಲ್ಲುವುದು ಸಾಕ್ಷಿಗಳ ಮಾತಿನ ಮೇಲೆ. ‘ಸಾಕ್ಷಿಗಳಿಗೆ ಅಪಾಯವಿದೆಯೇ’ ಎಂದು ಜಾಮೀನಿನ ದಿನವೇ ಕೇಳುವುದು ಅದಕ್ಕೇ.

ತೀರ್ಪು ಬರುವವರೆಗೆ ಆರೋಪಿ ನಿರಪರಾಧಿ. ಸತ್ತವರ ಮನೆಯವರಿಗೆ ನ್ಯಾಯಯುತ ವಿಚಾರಣೆ ಸಿಗಬೇಕಾದದ್ದೂ ಅಷ್ಟೇ ನಿಜ. ಜಾಮೀನು ಅರ್ಜಿ ಮುಂದಿಟ್ಟುಕೊಂಡ ನ್ಯಾಯಾಧೀಶರು ಈ ಎರಡನ್ನೂ ಕಾಯಬೇಕು. ಮುಂದಿನ ಸಲ ಇಂಥ ಸುದ್ದಿ ಬಂದಾಗ ಪಟಾಕಿಯನ್ನೂ ಬೈಗುಳವನ್ನೂ ಬದಿಗಿಟ್ಟು, ಕೋರ್ಟ್ ಕೊಟ್ಟ ಕಾರಣವೇನು ಎಂದು ಓದೋಣ.