ತಪ್ಪೊಪ್ಪಿಗೆಯನ್ನು ಎಷ್ಟು ನಂಬಬಹುದು?

ನಿರಪರಾಧಿಯೂ ತಪ್ಪೊಪ್ಪಿಕೊಳ್ಳುವುದುಂಟೆ? – ಓದುಗರು, ನೌಪಾಡಾ, ಠಾಣೆ

ಉಂಟು. ಪೊಲೀಸರೆದುರಿನ ತಪ್ಪೊಪ್ಪಿಗೆಯನ್ನು 1872ರ ಸಾಕ್ಷ್ಯ ಕಾಯ್ದೆಯೇ ನಂಬಲಿಲ್ಲ. ಬ್ರಿಟಿಷರಿಗೂ ತಮ್ಮ ಪೊಲೀಸರ ಗುಣ ಗೊತ್ತಿತ್ತು! ಆದರೆ ಸಂಘಟಿತ ಅಪರಾಧಗಳ ವಿರುದ್ಧದ ಮಹಾರಾಷ್ಟ್ರದ ಮೋಕಾ ಕಾಯ್ದೆ ಎಸ್‌ಪಿ ದರ್ಜೆಯ ಅಧಿಕಾರಿ ದಾಖಲಿಸಿದ್ದನ್ನು ಒಪ್ಪುತ್ತದೆ. 2006ರ ಜುಲೈ 11ರ ಮುಂಬೈ ಲೋಕಲ್ ರೈಲು ಸ್ಫೋಟ ಪ್ರಕರಣದಲ್ಲಿ ಇಂಥ ಹೇಳಿಕೆಗಳನ್ನೂ ನಂಬಿ 2015ರಲ್ಲಿ ವಿಶೇಷ ನ್ಯಾಯಾಲಯ ಐವರಿಗೆ ಗಲ್ಲು, ಏಳು ಮಂದಿಗೆ ಜೀವಾವಧಿ ವಿಧಿಸಿತು. 2025ರ ಜುಲೈ 21ರಂದು ಬಾಂಬೆ ಹೈಕೋರ್ಟ್ ಎಲ್ಲರನ್ನೂ ಖುಲಾಸೆಗೊಳಿಸಿತು. ಹೈಕೋರ್ಟ್ ಕಂಡಂತೆ, ಬೇರೆ ಬೇರೆ ಆರೋಪಿಗಳ ಹೇಳಿಕೆಗಳಲ್ಲಿ ಒಂದೇ ಬಗೆಯ ಭಾಗಗಳಿದ್ದವು. ಚಿತ್ರಹಿಂಸೆಯ ದೂರಿಗೆ ವೈದ್ಯಕೀಯ ದಾಖಲೆಯ ಬೆಂಬಲವೂ ಇತ್ತು. ಈ ತೀರ್ಪು ಬರುವಷ್ಟರಲ್ಲಿ ಶಿಕ್ಷೆಗೊಳಗಾದವರಲ್ಲಿ ಒಬ್ಬ ಜೈಲುವಾಸದಲ್ಲೇ ಸತ್ತಿದ್ದ.

ಆ ಸ್ಫೋಟಗಳಲ್ಲಿ ಆದಂತೆ 180ಕ್ಕೂ ಹೆಚ್ಚು ಜನ ಸತ್ತಾಗ ಕಠಿಣ ಕಾನೂನು ಬೇಡವೇ ಎನ್ನಬಹುದು. ಬೇಕು, ಆದರೆ ಹೊಡೆದು ಪಡೆದ ಮಾತು ತನಿಖೆಯನ್ನು ಅಲ್ಲಿಗೇ ನಿಲ್ಲಿಸುತ್ತದೆ. ಸುಪ್ರೀಂ ಕೋರ್ಟ್ ಮೂರೇ ದಿನದಲ್ಲಿ ಆ ತೀರ್ಪನ್ನು ಪೂರ್ವನಿದರ್ಶನವಾಗಿ ಬಳಸದಂತೆ ತಡೆದದ್ದು ನಿಜ. ಆದರೆ ಬಿಡುಗಡೆಯಾದವರನ್ನು ಜೈಲಿಗೆ ಮರಳಿಸಲಿಲ್ಲ.